ಹೆಸರಿಲ್ಲದ ಹೆಣ್ಣು ಜುಲೈಖಾ ಆದ ಬಗೆ

ಎಲ್ಲರಿಗೂ ನಮಸ್ಕಾರ.

ಪ್ರವಾದಿ ಯೂಸುಫರ ಕಥೆಯನ್ನು ಇಸ್ಲಾಮೀ ಸಾಹಿತ್ಯ ಹೇಗೆಲ್ಲ ಮತ್ತೆ ಮತ್ತೆ ಹೇಳಿದೆ ಎಂಬುದು ಇವತ್ತಿನ ವಿಷಯ. ಆದರೆ ನಾನು ಯೂಸುಫರಿಗಿಂತ ಹೆಚ್ಚಾಗಿ ಆ ಕಥೆಯ ಒಬ್ಬ ಹೆಣ್ಣಿನ ಬೆನ್ನು ಹತ್ತಿ ಹೋಗುವವನಿದ್ದೇನೆ. ಕವಿಗಳು ಹೆಚ್ಚು ಕೈಯಾಡಿಸಿದ್ದು ಅವಳ ಪಾಲಿನಲ್ಲೇ.

ಕುರಾನಿನಲ್ಲಿ ಮೂಸಾ, ಇಬ್ರಾಹೀಮರ ಕಥೆಗಳು ಅಲ್ಲಿಷ್ಟು ಇಲ್ಲಿಷ್ಟು ಹರಡಿಕೊಂಡಿವೆ. ಯೂಸುಫರದು ಹಾಗಲ್ಲ. 12ನೇ ಅಧ್ಯಾಯದ 111 ಸೂಕ್ತಗಳಲ್ಲಿ, ಬಾಲ್ಯದ ಕನಸಿನಿಂದ ಹಿಡಿದು ಅದು ನಿಜವಾಗುವ ತನಕ, ಒಂದೇ ಓಟದಲ್ಲಿ ಕಥೆ ಸಾಗುತ್ತದೆ. ಅಣ್ಣಂದಿರು ಬಾವಿಗೆ ತಳ್ಳಿದ ಹುಡುಗ ಈಜಿಪ್ಟಿನಲ್ಲಿ ಬಿಕರಿಯಾಗಿ ಒಬ್ಬ ದೊಡ್ಡ ಅಧಿಕಾರಿಯ ಮನೆ ಸೇರುತ್ತಾನೆ. ಆ ಅಧಿಕಾರಿಗೆ ಅಜೀಜ್ ಎಂಬ ಪದವಿಯಾದರೂ ಇದೆ. ಅವನ ಹೆಂಡತಿಗೆ ಅದೂ ಇಲ್ಲ. ಅವಳು ಬರೀ ಅಜೀಜನ ಹೆಂಡತಿ. ಅವಳು ಬಾಗಿಲು ಹಾಕಿ ಯೂಸುಫರನ್ನು ಕರೆಯುತ್ತಾಳೆ, ಅವರು ಓಡುತ್ತಾರೆ, ಅಂಗಿ ಹರಿಯುತ್ತದೆ. ಅಂಗಿ ಮುಂದುಗಡೆ ಹರಿದಿದ್ದರೆ ತಪ್ಪು ಅವನದು, ಹಿಂದುಗಡೆ ಹರಿದಿದ್ದರೆ ಅವಳದು ಎಂದು ಅವಳ ಕಡೆಯವನೇ ಒಬ್ಬ ಸಾಕ್ಷಿ ನುಡಿಯುತ್ತಾನೆ. ಹರಿದಿದ್ದು ಹಿಂದುಗಡೆ. ಊರ ಹೆಂಗಸರು ಆಡಿಕೊಳ್ಳತೊಡಗಿದಾಗ ಅವಳು ಅವರನ್ನೇ ಔತಣಕ್ಕೆ ಕರೆದು, ಒಬ್ಬೊಬ್ಬರ ಕೈಗೂ ಚಾಕು ಕೊಟ್ಟು, ಯೂಸುಫರನ್ನು ಎದುರಿಗೆ ಬರಹೇಳುತ್ತಾಳೆ. ನೋಡಿದವರೆಲ್ಲ ಮೈಮರೆತು ಕೈ ಕುಯ್ದುಕೊಳ್ಳುತ್ತಾರೆ! ಎಷ್ಟೋ ವರ್ಷಗಳ ಮೇಲೆ, ಯೂಸುಫರು ಸೆರೆಯಲ್ಲಿರುವಾಗ, ರಾಜ ವಿಚಾರಿಸಿದಾಗ ಅವಳು ಒಪ್ಪಿಕೊಳ್ಳುತ್ತಾಳೆ: ಅವನನ್ನು ಬಯಸಿದವಳು ನಾನು, ಅವನು ಸತ್ಯವಂತ.

ಅಷ್ಟೇ. ಮುಂದೆ ಬರಗಾಲ ಬರುತ್ತದೆ, ಅಣ್ಣಂದಿರು ಬರುತ್ತಾರೆ, ಅತ್ತೂ ಅತ್ತೂ ಕಣ್ಣು ಕಳೆದುಕೊಂಡ ತಂದೆ ಯಾಕೂಬರಿಗೆ ಮಗನ ಅಂಗಿಯಿಂದ ದೃಷ್ಟಿ ಮರಳುತ್ತದೆ. ಅವಳು ಏನಾದಳು? ಸುದ್ದಿಯೇ ಇಲ್ಲ.

ಕೇಳುವವರು ಬಿಡುತ್ತಾರೆಯೇ? ಮೊದಲು ಉತ್ತರ ಹುಡುಕಿದವರು ವ್ಯಾಖ್ಯಾನಕಾರರು. 923ರಲ್ಲಿ ತೀರಿಕೊಂಡ ತಬರಿಯ ಬರಹದಲ್ಲಿ ಅವಳಿಗೆ ರಾಈಲ್ ಎಂಬ ಹೆಸರು ಸಿಗುತ್ತದೆ. ಅಜೀಜ್ ಸತ್ತ ಮೇಲೆ ಯೂಸುಫರೇ ಅವಳನ್ನು ಮದುವೆಯಾದರು, ಇಬ್ಬರು ಗಂಡುಮಕ್ಕಳಾದರು ಎಂಬ ಐತಿಹ್ಯವೂ ಅಲ್ಲಿದೆ. ಜುಲೈಖಾ ಎಂಬ ಹೆಸರು ಜನರ ಬಾಯಲ್ಲಿ ನಿಂತದ್ದು ಬೇರೆ ದಾರಿಯಲ್ಲಿ. 11ನೇ ಶತಮಾನದ ಸಅಲಬಿಯಂಥವರು ಪ್ರವಾದಿಗಳ ಕಥೆಗಳನ್ನೇ ಪ್ರತ್ಯೇಕ ಗ್ರಂಥಗಳಾಗಿ ಕೂಡಿಸಿದರು. ಕಿಸಸುಲ್ ಅಂಬಿಯಾ ಎಂಬ ಈ ಪ್ರಕಾರದಲ್ಲಿ ಕಥೆಗೆ ಇನ್ನಷ್ಟು ಮೈ ತುಂಬಿತು. ತನ್ನ ಪ್ರಭುವಿನ ಪುರಾವೆಯನ್ನು ಕಾಣದಿದ್ದರೆ ಯೂಸುಫರೂ ಅವಳತ್ತ ಒಲಿಯುತ್ತಿದ್ದರು ಎನ್ನುತ್ತದೆ ಕುರಾನ್. ಯಾವ ಪುರಾವೆ? ತಂದೆ ಯಾಕೂಬರು ಬೆರಳು ಕಚ್ಚಿಕೊಂಡು ನಿಂತಂತೆ ಕಂಡಿತಂತೆ ಎಂದು ಒಂದು ಪರಂಪರೆ. ದೂರದ ಕಾನಾನಿನಲ್ಲಿ ಕೊರಗುತ್ತ ಕೂತ ಮುದುಕ ಆ ಮುಚ್ಚಿದ ಕೋಣೆಯೊಳಗೆ ಬಂದದ್ದನ್ನು ಯಾವ ಕಥೆಗಾರನಾದರೂ ಮೆಚ್ಚಬೇಕು.

ಎಲ್ಲರಿಗೂ ಇದು ಹಿಡಿಸಲಿಲ್ಲ. ಪ್ರೇಮದ ಕಥೆ ದೇವವಾಣಿಯಾಗಲು ಸಾಧ್ಯವಿಲ್ಲ ಎಂದು ಖವಾರಿಜರ, ಅಂದರೆ ಇಸ್ಲಾಮಿನ ಆರಂಭಕಾಲದಲ್ಲೇ ಸಿಡಿದು ಬೇರೆಯಾದ ಕಟ್ಟುನಿಟ್ಟಿನ ಗುಂಪಿನವರ, ಒಂದು ಪಂಗಡ ಈ ಇಡೀ ಅಧ್ಯಾಯವನ್ನೇ ತಳ್ಳಿಹಾಕಿತ್ತೆಂದು ಮತಪಂಥಗಳ ಬಗ್ಗೆ ಬರೆದ ಶಹರಸ್ತಾನಿ ದಾಖಲಿಸಿದ್ದಾನೆ.

ಇನ್ನು ಹೆರಾತಿನ ಕವಿ ಜಾಮಿ. 1483ರಲ್ಲಿ ಅವನು ಮುಗಿಸಿದ ಪಾರ್ಸಿ ಮಸ್ನವಿ, ಅಂದರೆ ದ್ವಿಪದಿಗಳ ದೀರ್ಘ ಕಾವ್ಯ, 'ಯೂಸುಫ್ ವ ಜುಲೈಖಾ'. ಇಲ್ಲಿ ಅವಳಿಗೆ ಬಾಲ್ಯವಿದೆ, ತವರಿದೆ. ಪಶ್ಚಿಮದ ರಾಜನ ಮಗಳು, ಯೂಸುಫರನ್ನು ಮೊದಲು ಕಂಡದ್ದು ಕನಸಿನಲ್ಲಿ. ತಾನು ಈಜಿಪ್ಟಿನ ಅಜೀಜ್ ಎಂದು ಕನಸಿನವನು ಹೇಳಿದ್ದನ್ನು ನಂಬಿ ಅಷ್ಟು ದೂರ ಮದುವೆಯಾಗಿ ಬಂದರೆ, ಅಲ್ಲಿರುವವನು ಬೇರೆ! ಕುರಾನಿನಲ್ಲಿ ಒಡತಿ ಗುಲಾಮನನ್ನು ಬಯಸಿದಳು; ಜಾಮಿಯಲ್ಲಿ ಕನಸಿನಿಂದ ಮೋಸಹೋದವಳು ತನಗೆ ಗೊತ್ತುಮಾಡಿದ್ದವನನ್ನು ಕಡೆಗೂ ಕಂಡಳು. ಆದದ್ದು ಅದೇ, ನಮ್ಮ ಮನಸ್ಸು ಮಾತ್ರ ಅವಳ ಕಡೆಗೆ ವಾಲುತ್ತದೆ.

ಒಂದರೊಳಗೊಂದು ಏಳು ಕೋಣೆಗಳ ಅರಮನೆ ಕಟ್ಟಿಸಿ, ಪ್ರತಿ ಬಾಗಿಲಿಗೂ ಬೀಗ ಹಾಕುತ್ತ ಅವಳು ಯೂಸುಫರನ್ನು ಒಳಕ್ಕೆ ಕರೆದೊಯ್ಯುವ ಭಾಗ ಬಹಳ ಪ್ರಸಿದ್ಧ. ಚಿತ್ರಕಾರ ಬಿಹ್ಜಾದ್ 1488ರಲ್ಲಿ ಬರೆದ ಚಿತ್ರದಲ್ಲಿ ಆ ಬಾಗಿಲುಗಳು, ಮೆಟ್ಟಿಲುಗಳು ಇವೆ. ತಮಾಷೆಯೆಂದರೆ ಆ ಚಿತ್ರ ಇರುವುದು ಜಾಮಿಗಿಂತ ಹಿಂದಿನ ಪಾರ್ಸಿ ಕವಿ ಸಾದಿಯ 'ಬೂಸ್ತಾನ್' ಕಾವ್ಯದ ಪ್ರತಿಯಲ್ಲಿ. ಸಾದಿಯ ಪದ್ಯದಲ್ಲಿ ಆ ಅರಮನೆಯೇ ಇಲ್ಲ. ಐದೇ ವರ್ಷದಲ್ಲಿ ಜಾಮಿಯ ಕಥೆ ಸಾದಿಯ ಪುಟಕ್ಕೂ ನುಗ್ಗಿತ್ತು.

ನನಗೆ ಅರಮನೆಗಿಂತ ಇಷ್ಟವಾಗುವುದು ಆಮೇಲಿನ ಗುಡಿಸಲು. ಗಂಡ ಸತ್ತು, ಸಿರಿ ಕರಗಿ, ಕಣ್ಣೂ ಹೋದ ಮುದುಕಿ ಜುಲೈಖಾ, ಯೂಸುಫರು ಓಡಾಡುವ ದಾರಿಯ ಬದಿಯಲ್ಲಿ ಜೊಂಡಿನ ಗುಡಿಸಲು ಕಟ್ಟಿಕೊಂಡು ಕುದುರೆಗಳ ಸಪ್ಪಳಕ್ಕೆ ಕಿವಿಗೊಟ್ಟು ಕೂರುತ್ತಾಳೆ. ತಾನು ಪೂಜಿಸುತ್ತಿದ್ದ ವಿಗ್ರಹವನ್ನು ಒಡೆದು ಹಾಕಿದ ಮೇಲೆಯೇ ಅವಳ ಕೂಗು ಯೂಸುಫರಿಗೆ ಕೇಳಿಸುತ್ತದೆ. ಅವರ ಪ್ರಾರ್ಥನೆಯಿಂದ ಕಣ್ಣು, ಯೌವನ ಎರಡೂ ಮರಳುತ್ತವೆ, ಮದುವೆಯಾಗುತ್ತದೆ. ಆದರೆ ಈಗ ಅವಳ ಮನಸ್ಸು ದೇವರ ಕಡೆ ತಿರುಗಿದೆ. ಒಂದು ದಿನ ಅವಳು ತಪ್ಪಿಸಿಕೊಂಡು ಓಡುತ್ತಾಳೆ, ಯೂಸುಫರು ಬೆನ್ನಟ್ಟಿ ಹಿಡಿಯುವಾಗ ಅವಳ ಅಂಗಿ ಹಿಂದುಗಡೆ ಹರಿಯುತ್ತದೆ. ಅಂದು ನಾನು ನಿನ್ನದನ್ನು ಹರಿದೆ, ಇಂದು ನೀನು ನನ್ನದನ್ನು, ಲೆಕ್ಕ ಸರಿಹೋಯಿತು ಎನ್ನುತ್ತಾಳೆ. ಒಬ್ಬ ಪ್ರವಾದಿಯ ಬಗ್ಗೆ ಹೀಗೆ ಬರೆಯಲು ಜಾಮಿಗೆ ಧೈರ್ಯ ಕೊಟ್ಟದ್ದು ಅವನ ಸೂಫಿ ದೃಷ್ಟಿ ಎಂದು ನನಗನ್ನಿಸುತ್ತದೆ. ಅದರ ಹಿಂದೆ 13ನೇ ಶತಮಾನದ ಸೂಫಿ ಕವಿ ರೂಮಿ ಇದ್ದ. ಕಂಡಕಂಡ ವಸ್ತುವಿಗೆಲ್ಲ ಯೂಸುಫರ ಹೆಸರನ್ನೇ ಇಟ್ಟುಕೊಂಡಿದ್ದ ಜುಲೈಖಾ ಅವನ ಮಸ್ನವಿಯಲ್ಲಿ ಆಗಲೇ ಬಂದುಹೋಗಿದ್ದಳು.

ಕಥೆ ಭಾರತಕ್ಕೆ ಬೇಗನೆ ಬಂತು. ಕಾಶ್ಮೀರದಲ್ಲಿ ರಾಜತರಂಗಿಣಿಯನ್ನು ಮುಂದುವರಿಸಿ ಬರೆದ ಶ್ರೀವರ ಪಂಡಿತ 1505ರಲ್ಲಿ ಜಾಮಿಯ ಕಾವ್ಯವನ್ನು 'ಕಥಾಕೌತುಕ' ಎಂದು ಸಂಸ್ಕೃತಕ್ಕೆ ತಂದ, ಜೊತೆಗೆ ಶಿವಸ್ತುತಿಯನ್ನೂ ಸೇರಿಸಿದ. ಜಾಮಿ ಸತ್ತು ಆಗಿನ್ನೂ 13 ವರ್ಷ. ನಮ್ಮ ಬಿಜಾಪುರದ ಹಾಶ್ಮಿ, ಕುರುಡನಾಗಿದ್ದನೆಂದು ಹೇಳಲಾಗುವ ಕವಿ, ಇದೇ ಕಥೆಯನ್ನು 1687ರ ಸುಮಾರಿಗೆ ದಖ್ಖನಿಯಲ್ಲಿ, ಅಂದರೆ ನಮ್ಮ ಕಡೆಯ ಹಳೆಯ ಉರ್ದುವಿನಲ್ಲಿ, ಹಾಡಿದ. ಆದಿಲ್‌ಶಾಹಿ ಔರಂಗಜೇಬನ ಕೈಸೇರಿ ಹೆಚ್ಚು ದಿನವಾಗಿರಲಿಲ್ಲ. ಹೆಣ್ಣಿನ ಮಾತಿನ ಧಾಟಿಯಲ್ಲೇ ಕವಿತೆ ಕಟ್ಟುವುದಕ್ಕೆ ಹೆಸರಾದ ಅವನು ಜುಲೈಖಾಳನ್ನು ಆರಿಸಿಕೊಂಡದ್ದು ನನಗೆ ಆಕಸ್ಮಿಕ ಅನ್ನಿಸುವುದಿಲ್ಲ.

ಇದೆಲ್ಲ ಕವಿಗಳ ಸೇರಿಕೆ, ಧರ್ಮಗ್ರಂಥಕ್ಕೂ ಇದಕ್ಕೂ ಸಂಬಂಧವಿಲ್ಲ ಎನ್ನುವವರಿದ್ದಾರೆ. ಕನಸು, ಗುಡಿಸಲುಗಳ ಮಟ್ಟಿಗೆ ಒಪ್ಪೋಣ. ಆದರೆ ಅವಳ ತಪ್ಪೊಪ್ಪಿಗೆಯ ಮರುಕ್ಷಣವೇ ಕುರಾನಿನಲ್ಲಿ ಇನ್ನೊಂದು ಮಾತು ಬರುತ್ತದೆ: ನಾನು ನಿರ್ದೋಷಿ ಎಂದು ಹೇಳಿಕೊಳ್ಳುವುದಿಲ್ಲ, ಮನಸ್ಸು ಕೆಡುಕಿನತ್ತಲೇ ಎಳೆಯುತ್ತದೆ, ನನ್ನ ಪ್ರಭು ಕರುಣೆ ತೋರಿದವರ ಹೊರತು. ಮಾತಾಡಿದವರು ಯಾರೆಂದು ಅಲ್ಲಿ ಹೇಳಿಲ್ಲ. ತಬರಿಯೂ ಇನ್ನೂ ಅನೇಕರೂ ಅದು ಯೂಸುಫರ ಮಾತೆಂದರು. 1373ರಲ್ಲಿ ತೀರಿಕೊಂಡ ವ್ಯಾಖ್ಯಾನಕಾರ ಇಬ್ನ್ ಕಸೀರ್ ಐತಿಹ್ಯಗಳನ್ನು ಸುಲಭಕ್ಕೆ ನಂಬುವವನಲ್ಲ, ಕಟ್ಟುಕಥೆಗಳ ಮೇಲೆ ಕಠಿಣ. ಅವನು ಮಾತ್ರ, ತನ್ನ ಗುರು ಇಬ್ನ್ ತೈಮಿಯ್ಯಾನ ವಾದವನ್ನು ಬೆಂಬಲಕ್ಕಿಟ್ಟುಕೊಂಡು, ಯೂಸುಫರು ಆಗ ರಾಜನೆದುರು ಇರಲೇ ಇಲ್ಲ, ಅದು ಅಜೀಜನ ಹೆಂಡತಿಯ ಮಾತೇ ಎಂದು ಬರೆದ.