ಪ್ಲಾಸ್ಟರ್ ತಲೆಯೊಳಗಿನ ಹಸಿ ಕರುಳು: ಪ್ರಾಗ್ ನಗರದ ಒಂದು ಕಿರುಚಿತ್ರ

[ದೃಶ್ಯ: ವಲ್ಟಾವಾ ನದಿ, ಅದರಾಚೆ ಲೆಟ್ನಾ ಗುಡ್ಡ]

ನಿರೂಪಣೆ: ಅಂದಿನ ಜೆಕೊಸ್ಲೊವಾಕಿಯಾದ ರಾಜಧಾನಿ ಪ್ರಾಗ್ ನಗರದ ಈ ಗುಡ್ಡದ ಮೇಲೆ 1955ರ ಮೇ 1ರಂದು ಸ್ಟಾಲಿನ್ನನ ಬೃಹತ್ ಶಿಲಾಸ್ಮಾರಕವೊಂದು ಅನಾವರಣಗೊಂಡಿತು. ಅದನ್ನು ರೂಪಿಸಿದ ಶಿಲ್ಪಿ ಒಟಾಕರ್ ಶ್ವೆಟ್ಸ್ ಆ ದಿನ ಬರುವ ಮುನ್ನವೇ ಆತ್ಮಹತ್ಯೆ ಮಾಡಿಕೊಂಡಿದ್ದರು. ಏಳೇ ವರ್ಷಗಳಲ್ಲಿ, 1962ರಲ್ಲಿ, ಅದೇ ಕಮ್ಯುನಿಸ್ಟ್ ಆಡಳಿತ ಸ್ಮಾರಕವನ್ನು ಸಿಡಿಮದ್ದಿಟ್ಟು ಉರುಳಿಸಿತು.

ಕಲ್ಲಿನ ಸ್ಟಾಲಿನ್ ಹೋದ ಮೇಲೂ ಉಳಿದದ್ದೇನು ಎಂಬುದನ್ನು ಪ್ರಾಗ್‌ನಲ್ಲೇ ಹುಟ್ಟಿದ ಸರ್ರಿಯಲಿಸ್ಟ್ (ಕನಸಿನ ತರ್ಕದಲ್ಲಿ ಚಿತ್ರ ಕಟ್ಟುವ) ನಿರ್ದೇಶಕ ಯಾನ್ ಶ್ವಾಂಕ್‌ಮಾಯರ್, 1990ರಲ್ಲಿ, ಸುಮಾರು ಹತ್ತು ನಿಮಿಷಗಳ 'ಬೊಹೆಮಿಯಾದಲ್ಲಿ (ಪ್ರಾಗ್ ಇರುವ ಜೆಕ್ ಪ್ರಾಂತ್ಯ) ಸ್ಟಾಲಿನ್‌ವಾದದ ಸಾವು' ಚಿತ್ರದಲ್ಲಿ ತೋರಿಸಿದರು.

[ದೃಶ್ಯ: ಬಿಳಿ ಪ್ರತಿಮೆ, ಕೈಗವಸು ತೊಟ್ಟ ಎರಡು ಕೈಗಳು]

ಶಸ್ತ್ರಚಿಕಿತ್ಸೆಯ ಮೇಜಿನ ಮೇಲೆ ಸ್ಟಾಲಿನ್ನನ ಪ್ಲಾಸ್ಟರ್ ತಲೆಯನ್ನು ಸೀಳಿದಾಗ ಒಳಗೆ ಹಸಿ ಕರುಳು ಕಾಣುತ್ತದೆ. ಅದರ ನಡುವಿನಿಂದ, 1948ರಲ್ಲಿ ಜೆಕೊಸ್ಲೊವಾಕಿಯಾದ ಅಧಿಕಾರ ಹಿಡಿದ ಕಮ್ಯುನಿಸ್ಟ್ ನಾಯಕ ಕ್ಲೆಮೆಂಟ್ ಗಾಟ್‌ವಾಲ್ಡನ ಪ್ರತಿಮೆ ಹೊರಬರುತ್ತದೆ. ಹೊಕ್ಕುಳಬಳ್ಳಿ ಕತ್ತರಿಸಿ, ಬೆನ್ನು ತಟ್ಟಿದೊಡನೆ ಆ ಪ್ಲಾಸ್ಟರ್ ಕೂಸು ಅಳುತ್ತದೆ. ರಾಜಕೀಯ ವಂಶಾವಳಿಯೊಂದನ್ನು ಒಂದೂ ಮಾತಿಲ್ಲದೆ ಇಷ್ಟು ನಿಖರವಾಗಿ ಹೇಳಿದ ದೃಶ್ಯವನ್ನು ನಾನು ಬೇರೆಲ್ಲೂ ಕಂಡಿಲ್ಲ.

ಮುಂದೆ ಜೇಡಿಮಣ್ಣಿನ ಕಾರ್ಮಿಕರು ಕಾರ್ಖಾನೆಯ ಸರಕಿನಂತೆ ಒಬ್ಬರ ಹಿಂದೊಬ್ಬರು ತಯಾರಾಗಿ, ನೇಣಿಗೆ ಬಿದ್ದು, ಮತ್ತೆ ಮಣ್ಣಾಗುತ್ತಾರೆ; ಅದೇ ಮಣ್ಣಿನಿಂದ ಮತ್ತೆ ಕಾರ್ಮಿಕರು ಹುಟ್ಟುತ್ತಾರೆ. 1952ರಲ್ಲಿ ಕಮ್ಯುನಿಸ್ಟ್ ಆಡಳಿತ ತನ್ನದೇ ನಾಯಕರ ಮೇಲೆ ನಡೆಸಿದ ಸ್ಲಾನ್‌ಸ್ಕಿ ವಿಚಾರಣೆಯ ಬಳಿಕ ಪ್ರಾಗ್‌ನ ಸೆರೆಮನೆಯಲ್ಲಿ 11 ಮಂದಿಯನ್ನು, ಅವರಲ್ಲಿ ಪಕ್ಷದ ಮಾಜಿ ಪ್ರಧಾನ ಕಾರ್ಯದರ್ಶಿ ಸ್ಲಾನ್‌ಸ್ಕಿಯನ್ನೂ, ಗಲ್ಲಿಗೇರಿಸಿದ್ದು ನೆನಪಿರುವವರಿಗೆ ಆ ನೇಣು ಕೇವಲ ಕಲ್ಪನೆಯಾಗಿ ಕಾಣಲಾರದು. 1968ರಲ್ಲಿ ದೇಶದೊಳಗೆ ನುಗ್ಗಿದ ಸೋವಿಯತ್ ಟ್ಯಾಂಕುಗಳ ಜಾಗದಲ್ಲಿ ಅಡುಗೆಮನೆಯ ಲಟ್ಟಣಿಗೆಗಳು ಇಳಿಜಾರಿನಲ್ಲಿ ಉರುಳಿ ಬರುತ್ತವೆ. ದಿನವೂ ಕೈಯಲ್ಲಿ ಹಿಡಿಯುವ ವಸ್ತುವೇ ಹೀಗೆ ಮೈಮೇಲೆ ಬರುವುದರಿಂದ, ನಿಜವಾದ ಟ್ಯಾಂಕಿನ ಚಿತ್ರಕ್ಕಿಂತ ಇದು ಹೆಚ್ಚು ಹತ್ತಿರಕ್ಕೆ ಬಂದು ಹೆದರಿಸುತ್ತದೆ.

ಎಪ್ಪತ್ತರ ದಶಕದಲ್ಲಿ ವರ್ಷಗಟ್ಟಲೆ ಚಿತ್ರ ಮಾಡಲು ಬಿಡದೆ ತಡೆಯಲ್ಪಟ್ಟಿದ್ದ ಈ ನಿರ್ದೇಶಕರು, ಈ ಕೃತಿಯನ್ನು ಪ್ರಚಾರಚಿತ್ರವೆಂದೇ ಕರೆದರು. ತಮ್ಮ ಇತರ ಚಿತ್ರಗಳಿಗಿಂತ ಇದಕ್ಕೆ ಬೇಗ ವಯಸ್ಸಾಗುತ್ತದೆಂದೂ ಭಾವಿಸಿದ್ದರು. ಈ ಒಂದು ಮಾತಿನಲ್ಲಿ ನಾನು ಅವರನ್ನು ಒಪ್ಪುವುದಿಲ್ಲ, ಅದಕ್ಕೆ ಕಾರಣ ಕೊನೆಯ ದೃಶ್ಯ.

[ದೃಶ್ಯ: ಬಿಳಿ, ಕೆಂಪು, ನೀಲಿ ಬಣ್ಣಗಳು]

ಕಮ್ಯುನಿಸ್ಟ್ ಆಡಳಿತವನ್ನು ಕೊನೆಗೊಳಿಸಿದ 1989ರ ನವೆಂಬರ್ ಕ್ರಾಂತಿ ಮುಗಿದು, ಹಳೆಯ ಸಾಮಾನುಗಳಿಗೆಲ್ಲ ರಾಷ್ಟ್ರಧ್ವಜದ ಬಣ್ಣ ಬಳಿಯಲಾಗುತ್ತದೆ. ಸ್ಟಾಲಿನ್ನನ ತಲೆಗೂ ಅದೇ ಬಣ್ಣ. ಮತ್ತೆ ಅದೇ ಮೇಜು, ಮತ್ತೆ ಕತ್ತಿ. ಕೈಗಳು ಕರುಳಿನೊಳಗೆ ತಡಕಾಡುತ್ತವೆ. ಈ ಬಾರಿ ಒಳಗಿನಿಂದ ಏನು ಬಂತೆಂಬುದನ್ನು ತೋರಿಸದೆಯೇ ಚಿತ್ರ ನಿಲ್ಲುತ್ತದೆ.