ಅಂಗಡಿ ಮೇಲಿನ ಮನೆ: ತುಮಕೂರಿನ ಪೇಟೆ ಬೀದಿಗಳಲ್ಲಿ ಒಂದು ಸುತ್ತು

ನಮಸ್ಕಾರ, ಎಲ್ಲರೂ ಚೆನ್ನಾಗಿದ್ದೀರಾ? ಇವತ್ತು ತುಮಕೂರಿನ ಹಳೇ ಪೇಟೆ ಬೀದಿಗಳಲ್ಲಿ ಒಂದು ಸುತ್ತು ಹಾಕೋಣ. ಮಂಡಿಪೇಟೆ, ಚಿಕ್ಕಪೇಟೆ, ಆಮೇಲೆ ಎಂ.ಜಿ. ರಸ್ತೆ. ನಡೆದೇ ಹೋಗೋಣ. ಗಾಡಿ ನಿಲ್ಲಿಸೋಕೆ ಜಾಗ ಹುಡುಕುತ್ತಾ ಹೊರಟರೆ ಅರ್ಧ ಹೊತ್ತು ಅದರಲ್ಲೇ ಕಳೆದುಹೋಗುತ್ತದೆ. ಆ ವಿಷಯಕ್ಕೆ ಆಮೇಲೆ ಬರುತ್ತೇನೆ.

ಮಂಡಿಪೇಟೆಯಲ್ಲಿ ಇನ್ನೂ ಮೂಟೆ ಲೆಕ್ಕದ ಮಾತು. ಬೇಳೆ, ಬೆಲ್ಲ, ಒಣಮೆಣಸಿನಕಾಯಿ. ಹೆಗಲ ಮೇಲೆ ಮೂಟೆ ಹೊತ್ತ ಹಮಾಲಿಗಳು "ಸೈಡು, ಸೈಡು" ಅಂತ ಬರುತ್ತಿದ್ದರೆ ಜನ ತಾವಾಗಿಯೇ ಗೋಡೆಗೆ ಒರಗಿ ದಾರಿ ಬಿಡುತ್ತಾರೆ. ಇಲ್ಲಿ ವ್ಯಾಪಾರ ಸತ್ತಿಲ್ಲ, ಆದರೆ ತೆಳ್ಳಗಾಗಿದೆ. ಒಂದು ಕಾಲದಲ್ಲಿ ಸುತ್ತಲಿನ ರೈತರ ಫಸಲು ಪೇಟೆಯೊಳಗೇ ಬರುತ್ತಿತ್ತು. ಈಗ ಎಪಿಎಂಸಿ ಯಾರ್ಡ್ ಬಟವಾಡಿಯಲ್ಲಿ, ತರಕಾರಿ ಮಾರುಕಟ್ಟೆ ಅಂತರಸನಹಳ್ಳಿಯಲ್ಲಿ. ಲಾರಿಗಳಿಗೆ ಅದು ಒಳ್ಳೆಯದೇ, ಈ ಬೀದಿ ಅಗಲಕ್ಕೆ ಅವು ಹಿಡಿಸುವುದಿಲ್ಲ. ಆದರೆ ಕಾಳು ಮಾರಿ ಕೈಯಲ್ಲಿ ದುಡ್ಡು ಹಿಡಿದ ರೈತ ಮೊದಲು ಅಲ್ಲೇ ನಾಲ್ಕು ಹೆಜ್ಜೆ ನಡೆದು ಹೆಂಡತಿಗೊಂದು ಸೀರೆ, ಮಗಳಿಗೆ ಬಳೆ, ಮನೆಗೊಂದು ಪಾತ್ರೆ ಕೊಂಡು ಬಸ್ ಹತ್ತುತ್ತಿದ್ದ. ಆ ನಾಲ್ಕು ಹೆಜ್ಜೆ ತಪ್ಪಿಹೋಯಿತು.

ಈಗ ಚಿಕ್ಕಪೇಟೆ ಕಡೆಯ ಈ ಗಲ್ಲಿ ನೋಡಿ. ಇದು ಗ್ರಂಥಿಗೆ ಅಂಗಡಿ. ಅರಿಶಿನ, ಕುಂಕುಮ, ಬಜೆ, ಅಳಲೆಕಾಯಿ, ಹೋಮದ ಸಾಮಾನು, ಬಾಣಂತಿಗೆ ಬೇಕಾದ ಬೇರು ನಾರು, ಎಲ್ಲವೂ ಸಿಗುತ್ತದೆ. ಇದರ ಬಾಗಿಲನ್ನು ಹತ್ತಿರದಿಂದ ತೋರಿಸುತ್ತೇನೆ. ರೋಲಿಂಗ್ ಶಟರ್ ಅಲ್ಲ, ಹಲಗೆ ಬಾಗಿಲು. ಮೇಲೆ ಕೆಳಗೆ ಮರದಲ್ಲಿ ಕೊರೆದ ಒಂದೊಂದು ಉದ್ದನೆ ತೋಡು ಇದೆ, ಅದರೊಳಗೆ ಹಲಗೆಗಳನ್ನು ಒಂದೊಂದಾಗಿ ಜಾರಿಸಬೇಕು. ಪ್ರತಿ ಹಲಗೆಯ ಮೇಲೂ ಕನ್ನಡದ ಅಂಕಿ ಕೆತ್ತಿದ್ದಾರೆ. ಅಂಕಿ ತಪ್ಪಿದರೆ ಕೊನೆಯ ಹಲಗೆ ಕೂರುವುದೇ ಇಲ್ಲ, ಅಗುಳಿಯೂ ಬೀಳುವುದಿಲ್ಲ. ಬೆಳಗ್ಗೆ ತೆಗೆದ ಹಲಗೆಗಳನ್ನು ಪಕ್ಕದ ಸಂದಿಯಲ್ಲಿ ಒರಗಿಸಿಡುತ್ತಾರೆ. ಮೂರನೇ ಹಲಗೆಯ ಅಂಚು ಎಷ್ಟು ನುಣುಪಾಗಿದೆ ನೋಡಿ. ದಿನಾ ಅದೇ ಜಾಗಕ್ಕೆ ಕೈ ಹಾಕಿ ಹಾಕಿ ಹೀಗಾಗಿದೆ. ಯಜಮಾನರು ಹೇಳಿದರು, ಅವರ ಅಪ್ಪನೂ ಇದೇ ಹಲಗೆಗಳನ್ನು ಹಾಕುತ್ತಿದ್ದರಂತೆ, ಹಾಕಿ ಹಿಂದಿನ ಮೆಟ್ಟಿಲು ಹತ್ತಿದರೆ ಮನೆ.

ಈಗ ದಯವಿಟ್ಟು ಕ್ಯಾಮೆರಾ ಜತೆ ನೀವೂ ತಲೆ ಎತ್ತಿ ಮೇಲೆ ನೋಡಿ. ನನಗೆ ಇವತ್ತು ಹೇಳಬೇಕಾಗಿರುವುದು ಅಲ್ಲಿದೆ.

ಕಿಟಕಿ ಮುಚ್ಚಿದೆ. ಪಕ್ಕದ್ದೂ ಮುಚ್ಚಿದೆ. ಅದರಾಚೆಯದರಲ್ಲಿ ಗಾಜು ಒಡೆದ ಕಡೆ ರಟ್ಟು ಇಟ್ಟಿದ್ದಾರೆ, ಒಳಗೆ ಖಾಲಿ ಡಬ್ಬ, ಹಳೇ ಬಿಲ್ ಪುಸ್ತಕ. ಕೆಳಗೆ ಅಂಗಡಿ, ಮೇಲೆ ಮನೆ ಅಂತ ಕಟ್ಟಿದ ಬೀದಿ ಇದು. ಈಗ ಕೆಳಗೆ ಅಂಗಡಿ, ಮೇಲೆ ಗೋಡೌನ್. ಮನೆಯವರು ಎಸ್.ಎಸ್. ಪುರಂ, ಕುವೆಂಪು ನಗರ ಅಂತ ಬಡಾವಣೆಗಳಿಗೆ ಹೋದರು. ತಪ್ಪೇನಿಲ್ಲ. ಮಕ್ಕಳಿಗೆ ಆಟಕ್ಕೆ ಜಾಗ ಬೇಕು, ಕಾರು ನಿಲ್ಲಬೇಕು, ವಯಸ್ಸಾದವರಿಗೆ ಕಡಿದಾದ ಮೆಟ್ಟಿಲು ಬೇಡ. ಆದರೆ ಅವರು ಹೋದ ಮೇಲೆ ಈ ಬೀದಿಗೆ ರಾತ್ರಿ ಅನ್ನುವುದೇ ಇಲ್ಲದಾಯಿತು. ಅಂಗಡಿ ಮುಚ್ಚಿದ ಕೂಡಲೇ ಬೀದಿಯೂ ಮುಚ್ಚಿತು.

ಮೂಲೆಯಲ್ಲಿ ಹೂವು ಮಾರುವ ಅಮ್ಮ ಇದನ್ನು ನನಗಿಂತ ಚೆನ್ನಾಗಿ ಹೇಳಿದರು. "ಮೇಲೆ ಸಂಸಾರ ಇದ್ದಾಗ ರಾತ್ರಿ ಒಂಬತ್ತಕ್ಕೂ ಬುಟ್ಟಿ ಇಳಿಸಿ ಹೂವು ತಗೋತಿದ್ರಪ್ಪಾ. ಈಗ ಏಳೂವರೆಗೆ ಗಂಟು ಕಟ್ಟೋದು. ಕತ್ತಲಲ್ಲಿ ಒಬ್ಬಳೇ ಕೂರೋಕೆ ಆಗಲ್ಲ."

ಪೇಟೆ ಯಾಕೆ ಸೊರಗಿತು ಅಂತ ಯಾರನ್ನು ಕೇಳಿದರೂ ಮೊದಲು ಬರುವ ಉತ್ತರ ಆನ್‌ಲೈನ್. ಅದು ಸುಳ್ಳಲ್ಲ. 2016ರ ನವೆಂಬರ್‌ನಲ್ಲಿ ನೋಟು ರದ್ದಾಯಿತು, 2017ರ ಜುಲೈನಲ್ಲಿ ಜಿಎಸ್‌ಟಿ ಬಂತು, 2020ರಲ್ಲಿ ಲಾಕ್‌ಡೌನ್. ಒಂದರ ಹಿಂದೆ ಒಂದು ಏಟು. ಸಣ್ಣ ಅಂಗಡಿ ಸುಧಾರಿಸಿಕೊಳ್ಳುವಷ್ಟರಲ್ಲಿ ಗಿರಾಕಿ ಕೈಯಲ್ಲಿ ಫೋನ್ ಬಂದಿತ್ತು. ಮದುವೆ ಬಟ್ಟೆಗೆ ಬೆಂಗಳೂರು ಇದ್ದೇ ಇದೆ, 70 ಕಿಲೋಮೀಟರ್ ದೂರ, ಬೆಳಗ್ಗೆ ಹೋಗಿ ಸಂಜೆ ಬರಬಹುದು. ಆದರೆ ಮೇಲಿನ ಕಿಟಕಿಗಳು ಮುಚ್ಚಿದ್ದು ಇದಕ್ಕೆಲ್ಲ ಮುಂಚೆ. ಫೋನ್ ಬರುವ ಹೊತ್ತಿಗೆ ಬೀದಿ ಆಗಲೇ ಬಲ ಕಳೆದುಕೊಂಡಿತ್ತು ಅಂತ ನನ್ನ ಅಭಿಪ್ರಾಯ.

ಇನ್ನೊಂದು ಕಾರಣದ ಬಗ್ಗೆ ಜನ ಜಾಸ್ತಿ ಮಾತಾಡುವುದಿಲ್ಲ. ಹಳೇ ಪೇಟೆಯ ಕಟ್ಟಡ ಅಂದರೆ ನಾಲ್ಕು ಜನ ಅಣ್ಣತಮ್ಮಂದಿರ ಪಾಲು. ಒಬ್ಬರು ಮಾರೋಣ ಅನ್ನುತ್ತಾರೆ, ಒಬ್ಬರು ಬೇಡ ಅನ್ನುತ್ತಾರೆ, ಮೂರನೆಯವರು ಬೇರೆ ಊರಲ್ಲಿದ್ದಾರೆ. ಬಾಡಿಗೆಗೆ ಇರುವವರು ತಾತನ ಕಾಲದಿಂದ ಇದ್ದಾರೆ, ಕೊಡುವ ಬಾಡಿಗೆ ಕಡಿಮೆ. ಹಾಗಾಗಿ ಮಾಲೀಕರು ರಿಪೇರಿ ಮಾಡಿಸುವುದಿಲ್ಲ. ತಮ್ಮದಲ್ಲದ ಕಟ್ಟಡಕ್ಕೆ ಬಾಡಿಗೆಯವರೂ ದುಡ್ಡು ಹಾಕುವುದಿಲ್ಲ. ತಾರಸಿ ಸೋರುತ್ತದೆ, ತೊಲೆಗೆ ಗೆದ್ದಲು ಹಿಡಿಯುತ್ತದೆ. ಕೊನೆಗೆ ಕೆಡವಿ, ಗಾಜಿನ ಮುಖ ಹಚ್ಚಿದ ಕಟ್ಟಡ ಎದ್ದರೆ ಅದರಲ್ಲೂ ಮೇಲೆ ಮನೆ ಇರುವುದಿಲ್ಲ.

ಹಾಗಂತ ಪೇಟೆಗೆ ಯಾರೂ ಏನೂ ಮಾಡಿಲ್ಲ ಅನ್ನುವುದು ಸರಿಯಲ್ಲ. 2016ರ ಸೆಪ್ಟೆಂಬರ್‌ನಲ್ಲಿ ತುಮಕೂರು ಸ್ಮಾರ್ಟ್ ಸಿಟಿ ಪಟ್ಟಿಗೆ ಸೇರಿತು. ಎಂ.ಜಿ. ರಸ್ತೆಯಲ್ಲೂ ಫುಟ್‌ಪಾತ್ ಕೆಲಸ ನಡೆಯಿತು. ಅಗೆದು ಬಿಟ್ಟಿದ್ದ ದಿನಗಳಲ್ಲಿ ಧೂಳು ಕುಡಿದು ಕೂತಿದ್ದ ಅಂಗಡಿಯವರ ಕಷ್ಟ ಸಣ್ಣದಲ್ಲ, ಬೋಣಿ ಇಲ್ಲದೆ ಬಾಗಿಲು ಹಾಕಿದವರೂ ಇದ್ದಾರೆ. ಆದರೂ ನಾನು ಫುಟ್‌ಪಾತ್ ಪರ. ವಯಸ್ಸಾದ ಹೆಂಗಸೊಬ್ಬರು ಮೊಮ್ಮಗುವಿನ ಕೈ ಹಿಡಿದು, ಬೈಕಿನವರ ಹಾರ್ನ್‌ಗೆ ಬೆಚ್ಚದೆ ಅಂಗಡಿಯಿಂದ ಅಂಗಡಿಗೆ ಹೋಗುವಂತಿದ್ದರೆ ಅವರು ಮತ್ತೆ ಬರುತ್ತಾರೆ. ಪೇಟೆಗೆ ಅದಕ್ಕಿಂತ ದೊಡ್ಡ ಜಾಹೀರಾತು ಬೇಕಾ?

ಗಾಡಿ ನಿಲ್ಲಿಸುವ ವಿಷಯ ಹೇಳುತ್ತೇನೆ ಅಂದಿದ್ದೆನಲ್ಲ. ಬೆಳಗ್ಗೆ ಅಂಗಡಿ ತೆಗೆಯುವ ಹೊತ್ತಿಗೆ ಬಂದು ನಿಂತು ನೋಡಿ. ಮೊದಲು ಬಂದು ನಿಲ್ಲುವ ಬೈಕುಗಳು ಅಂಗಡಿಯವರದ್ದು, ಕೆಲಸದ ಹುಡುಗರದ್ದು. ಅವು ರಾತ್ರಿವರೆಗೂ ಕದಲುವುದಿಲ್ಲ. ಹತ್ತು ನಿಮಿಷದ ಕೆಲಸಕ್ಕೆ ಬಂದ ಗಿರಾಕಿಗೆ ಜಾಗವಿಲ್ಲ. ಅಂಗಡಿಯವರೇ ಒಟ್ಟಾಗಿ ತಮ್ಮ ಗಾಡಿಗಳನ್ನು ಸ್ವಲ್ಪ ದೂರ ಇಟ್ಟು ನಡೆದು ಬಂದರೆ ಒಂದು ಪೈಸೆ ಖರ್ಚಿಲ್ಲದೆ ಬೀದಿ ಅಗಲವಾಗುತ್ತದೆ.

ಬೀದಿ ಚೆಂದ ಮಾಡುವಾಗ ತಳ್ಳುಗಾಡಿಯವರನ್ನು ಎಬ್ಬಿಸುವುದು ನನಗೆ ಸ್ವಲ್ಪವೂ ಒಪ್ಪಿಗೆಯಿಲ್ಲ. ಹೂವಿನ ಅಮ್ಮ, ಪಿನ್ನು ಟೇಪು ಮಾರುವವರು, ಕಡ್ಲೆಕಾಯಿಯವರು ಇಲ್ಲದೆ ಪೇಟೆಗೆ ಕಳೆ ಎಲ್ಲಿಯದು? ಕಾನೂನೂ ಅವರ ಕಡೆಗಿದೆ. 2014ರ ಬೀದಿ ವ್ಯಾಪಾರಿಗಳ ಕಾಯ್ದೆ ಪ್ರಕಾರ ಮೊದಲು ಸಮೀಕ್ಷೆ ಆಗಬೇಕು, ಅದು ಮುಗಿದು ಪ್ರಮಾಣಪತ್ರ ಕೊಡುವವರೆಗೆ ಯಾರನ್ನೂ ಎಬ್ಬಿಸುವಂತಿಲ್ಲ. ಇದನ್ನೆಲ್ಲ ನೋಡಿಕೊಳ್ಳುವ ಪಟ್ಟಣ ವ್ಯಾಪಾರ ಸಮಿತಿಯಲ್ಲಿ ಶೇ. 40ಕ್ಕೆ ಕಡಿಮೆ ಇಲ್ಲದಂತೆ ಬೀದಿ ವ್ಯಾಪಾರಿಗಳೇ ಇರಬೇಕು, ಅವರಲ್ಲಿ ಮೂರನೇ ಒಂದು ಭಾಗ ಹೆಂಗಸರು. ಹೂವಿನ ಅಮ್ಮನಿಗೆ ಇದು ಗೊತ್ತಿರಲಿಲ್ಲ. ಕೂತು ಓದಿ ಹೇಳಿದೆ, ಮೊಳ ಹಾಕುವುದನ್ನು ನಿಲ್ಲಿಸಿ ಕೇಳಿದರು.

ಮೇಲಿನ ಮನೆಗಳಿಗೆ ಮತ್ತೆ ಜನ ಬರುತ್ತಾರಾ? ಒಂದು ಕಡೆ ಬಂದಿದ್ದಾರೆ. ಜಪಾನಿನ ತಕಮತ್ಸು ಊರಿನಲ್ಲಿ ಮರುಗಮೆಮಾಚಿ ಅನ್ನುವ ಹಳೇ ಅಂಗಡಿ ಬೀದಿ ಇದೆ. 1988ರಲ್ಲಿ ಅದಕ್ಕೆ 400 ವರ್ಷ. ಅದೇ ವರ್ಷ ಸಮುದ್ರದ ಮೇಲೆ ದೊಡ್ಡ ಸೇತುವೆ ತೆರೆಯಿತು, ಆಚೆ ದಡದ ಊರುಗಳು ಹತ್ತಿರವಾದವು, ಊರಾಚೆ ದೊಡ್ಡ ದೊಡ್ಡ ಅಂಗಡಿಗಳು ಬಂದವು. ಬೀದಿ ಖಾಲಿಯಾಗತೊಡಗಿತು. ಅಲ್ಲಿನ ಮಾಲೀಕರು ಜಾಗ ಮಾರಲಿಲ್ಲ. ಎಲ್ಲರೂ ಸೇರಿ ತಮ್ಮ ಜಾಗವನ್ನು ತಮ್ಮದೇ ಕಂಪನಿಗೆ 60 ವರ್ಷದ ಗುತ್ತಿಗೆಗೆ ಕೊಟ್ಟರು. ಬೀದಿಗೆ ಯಾವ ಅಂಗಡಿ ಬೇಕು ಅನ್ನುವುದನ್ನು ಕಂಪನಿ ನೋಡಿಕೊಳ್ಳುತ್ತದೆ. ಬೀದಿಯನ್ನು ಹೊಸದಾಗಿ ಕಟ್ಟುವ ಕೆಲಸದ ಮೊದಲ ಭಾಗ 2006ರಲ್ಲಿ ಮುಗಿಯಿತು. ಕೆಳಗೆ ಅಂಗಡಿ, ಮೇಲೆ ಮನೆ. ಆಮೇಲೆ ಅದೇ ಬೀದಿಗೆ ಕ್ಲಿನಿಕ್ ಕೂಡ ಬಂತು. ವಯಸ್ಸಾದವರು ಲಿಫ್ಟ್‌ನಲ್ಲಿ ಇಳಿದರೆ ಡಾಕ್ಟರ್ ಅಲ್ಲೇ, ತರಕಾರಿಯೂ ಅಲ್ಲೇ.

ನಮ್ಮಲ್ಲಿ ನಾಲ್ಕು ಅಣ್ಣತಮ್ಮಂದಿರನ್ನು ಒಂದು ಕಾಗದಕ್ಕೆ ಸಹಿ ಹಾಕಿಸುವುದೇ ಕಷ್ಟ, ಇಡೀ ಬೀದಿಯ ಮಾತು ದೂರ ಉಳಿಯಿತು. ಆದರೆ ಒಂದು ಮಹಡಿಯಿಂದ ಶುರು ಮಾಡಬಹುದು. ಗ್ರಂಥಿಗೆ ಅಂಗಡಿ ಯಜಮಾನರ ಮಗ ಅದನ್ನೇ ಯೋಚಿಸುತ್ತಿದ್ದಾರೆ. ತುಮಕೂರಿನಲ್ಲಿ ಕಾಲೇಜುಗಳಿಗೆ ಬರವಿಲ್ಲ, ರೂಮು ಹುಡುಕುವ ಮಕ್ಕಳಿಗೂ ಬರವಿಲ್ಲ. ಮೇಲಿನ ಗೋಡೌನ್ ಖಾಲಿ ಮಾಡಿ ಮೂರು ರೂಮು ಮಾಡಿದರೆ ಹೇಗೆ ಅನ್ನುತ್ತಾರೆ. ಅವರ ಅಪ್ಪ ಮೊದಲು ಬೇಡ ಅಂದರು, ಈಗ "ಮೆಟ್ಟಿಲು ಹೊರಗಿಂದ ಇರಲಿ" ಅನ್ನುವವರೆಗೆ ಬಂದಿದ್ದಾರೆ.

ಮೇಲೆ ಹೋಗಿ ನೋಡಿದೆವು. ಗೋಡೆ ಗಟ್ಟಿಯಾಗಿದೆ. ಬಚ್ಚಲು ಹೊಸದಾಗಿ ಆಗಬೇಕು, ವೈರಿಂಗ್ ಪೂರ್ತಿ ತೆಗೆಯಬೇಕು. ದೊಡ್ಡ ತಲೆನೋವು ಮದ್ರಾಸ್ ತಾರಸಿ. ತೊಲೆಗಳ ಮೇಲೆ ಇಟ್ಟಿಗೆ, ಅದರ ಮೇಲೆ ಸುಣ್ಣದ ಗಾರೆ. ಒಂದು ಮೂಲೆ ಸೋರುತ್ತಿದೆ. ಬಂದು ನೋಡಿದ ಮೇಸ್ತ್ರಿಗಳೆಲ್ಲ ಕೆಡವಿ ಆರ್‌ಸಿಸಿ ಹಾಕೋಣ ಅನ್ನುತ್ತಾರಂತೆ. ಹಾಗೆ ಮಾಡಿದರೆ ಖರ್ಚು ಅವರ ಕೈ ಮೀರುತ್ತದೆ. ನಿಮ್ಮಲ್ಲಿ ಯಾರಾದರೂ ಇಂಥ ತಾರಸಿ ರಿಪೇರಿ ಮಾಡಿಸಿದ್ದರೆ, ಸುಣ್ಣದ ಗಾರೆ ಕೆಲಸ ಬಲ್ಲ ಮೇಸ್ತ್ರಿ ತುಮಕೂರಿನ ಸುತ್ತಮುತ್ತ ಗೊತ್ತಿದ್ದರೆ ದಯವಿಟ್ಟು ನನಗೆ ತಿಳಿಸಿ. ಮಳೆಗಾಲಕ್ಕೆ ಮುಂಚೆ ಆ ಮೂಲೆ ಸರಿಯಾಗಬೇಕು.