ಮೋಡಕ್ಕಾಗಿ ಕಾಯುತ್ತಿದ್ದ ನಿರ್ದೇಶಕ

ಕೇಳುಗರಿಗೆ ನಮಸ್ಕಾರ.

ಗ್ರೀಸ್ ಅಂದ ಕೂಡಲೇ ನಮ್ಮ ಕಣ್ಣ ಮುಂದೆ ಬರುವುದು ಕ್ಯಾಲೆಂಡರ್ ಚಿತ್ರ. ನೀಲಿ ಸಮುದ್ರ, ಸುಣ್ಣ ಬಳಿದ ಮನೆ, ಕಣ್ಣು ಕುಕ್ಕುವ ಬಿಸಿಲು. ಗ್ರೀಕ್ ನಿರ್ದೇಶಕ ಥಿಯೋ ಆಂಗೆಲೋಪುಲೋಸ್ ಅವರ ಸಿನಿಮಾಗಳಲ್ಲಿ ಆ ಗ್ರೀಸ್ ಸಿಗುವುದು ಅಪರೂಪ. ಅಲ್ಲಿರುವುದು ಜಿಟಿಜಿಟಿ ಮಳೆ, ಮಂಜು, ಕೆಸರು ರಸ್ತೆ, ಬಣ್ಣ ಮಾಸಿದ ಗೋಡೆ. ಉತ್ತರದ ಫ್ಲೋರಿನಾದಂಥ ಊರುಗಳು. ನಮ್ಮಲ್ಲಿ ಮೋಡ ಕವಿದರೆ ಪ್ಯಾಕಪ್. ಈ ಮನುಷ್ಯ ಮೋಡಕ್ಕಾಗಿಯೇ ಕಾಯುತ್ತಿದ್ದರು!

ಅವರು ಹುಟ್ಟಿದ್ದು 1935ರಲ್ಲಿ, ಅಥೆನ್ಸ್‌ನಲ್ಲಿ. ಅಪ್ಪನದು ಅಂಗಡಿ ವ್ಯಾಪಾರ. 1944ರ ಡಿಸೆಂಬರ್‌ನಲ್ಲಿ ಎಡಪಂಥೀಯರಿಗೂ ಸರ್ಕಾರದ ಕಡೆಯವರಿಗೂ ಊರಿನ ಬೀದಿಗಳಲ್ಲೇ ಗುಂಡಿನ ಕಾಳಗ ಶುರುವಾಯಿತು. ಅಪ್ಪನನ್ನು ಹಿಡಿದುಕೊಂಡು ಹೋದರು. ಒಂಬತ್ತು ವರ್ಷದ ಹುಡುಗ ಅಮ್ಮನ ಜೊತೆ ಹೋಗಿ, ಸಾಲು ಹೆಣಗಳ ನಡುವೆ ಅಪ್ಪನ ಮುಖ ಹುಡುಕಿದ. ಸಿಗಲಿಲ್ಲ. ಅಪ್ಪ ಆಮೇಲೊಂದು ದಿನ ಜೀವಂತವಾಗಿ ಮನೆಗೆ ಬಂದರು.

ಆ ಅಪ್ಪ ಮಗನ ಸಿನಿಮಾಗಳಿಂದ ಕೊನೆವರೆಗೂ ಹೊರಗೆ ಹೋಗಲಿಲ್ಲ ಅಂತ ನನಗನಿಸುತ್ತದೆ. 1970ರ ಮೊದಲ ಚಿತ್ರ ‘ರೀಕನ್‌ಸ್ಟ್ರಕ್ಷನ್’ ಶುರುವಾಗುವುದೇ ಜರ್ಮನಿಗೆ ಕೂಲಿಗೆ ಹೋಗಿದ್ದ ಅಪ್ಪ ಹಳ್ಳಿಗೆ ಮರಳುವುದರಿಂದ. 1984ರ ‘ವಾಯೇಜ್ ಟು ಸಿಥೆರಾ’ದಲ್ಲಿ 32 ವರ್ಷ ರಷ್ಯಾದಲ್ಲಿದ್ದ ಮುದುಕ ಊರಿಗೆ ಬರುತ್ತಾನೆ. 1988ರ ‘ಲ್ಯಾಂಡ್‌ಸ್ಕೇಪ್ ಇನ್ ದ ಮಿಸ್ಟ್’ನಲ್ಲಂತೂ ಅಕ್ಕ ತಮ್ಮ ಇಬ್ಬರೂ ಕಂಡೇ ಇರದ ಅಪ್ಪನನ್ನು ಹುಡುಕಿಕೊಂಡು ಜರ್ಮನಿಯ ರೈಲು ಹತ್ತುತ್ತಾರೆ.

ನಡುವಿನ ಕಥೆ ಬೇಗ ಹೇಳಿಬಿಡುತ್ತೇನೆ. ಕಾನೂನು ಓದು ಅರ್ಧಕ್ಕೆ ಬಿಟ್ಟರು. ಪ್ಯಾರಿಸ್‌ನ ಸಿನಿಮಾ ಶಾಲೆಗೆ ಸೇರಿದರು. ಮೇಷ್ಟ್ರ ಜೊತೆ ಜಗಳವಾಗಿ ಅಲ್ಲಿಂದಲೂ ಹೊರಬಿದ್ದರು. 1964ರಲ್ಲಿ ಅಥೆನ್ಸ್‌ಗೆ ವಾಪಸು ಬಂದು ಎಡಪಂಥೀಯ ಪತ್ರಿಕೆಯೊಂದಕ್ಕೆ ಸಿನಿಮಾ ವಿಮರ್ಶೆ ಬರೆದರು. 1967ರಲ್ಲಿ ಮಿಲಿಟರಿ ಅಧಿಕಾರಿಗಳು ದೇಶ ಹಿಡಿದರು, ಪತ್ರಿಕೆ ಮುಚ್ಚಿಸಿದರು.

ಇನ್ನು ‘ದ ಟ್ರಾವೆಲಿಂಗ್ ಪ್ಲೇಯರ್ಸ್’ ಬಗ್ಗೆ ಸ್ವಲ್ಪ ನಿಧಾನವಾಗಿ ಹೇಳಬೇಕು. ಮಿಲಿಟರಿ ಆಳ್ವಿಕೆ ಇನ್ನೂ ಇರುವಾಗಲೇ ಕೈಗೆತ್ತಿಕೊಂಡ ಚಿತ್ರ ಇದು. ತೆರೆಗೆ ಬಂದಿದ್ದು 1975ರಲ್ಲಿ. ಊರೂರು ಅಲೆಯುವ ಒಂದು ನಾಟಕ ಕಂಪನಿ. ಆಡುವುದು ಒಂದೇ ನಾಟಕ, ಕುರಿ ಕಾಯುವ ಹುಡುಗಿಯ ಪ್ರೇಮಕಥೆ. ಅದನ್ನೂ ಪೂರ್ತಿ ಆಡಲು ಆಗುವುದಿಲ್ಲ. ಪ್ರತಿ ಸಲ ಚರಿತ್ರೆ ನುಗ್ಗಿ ಬಂದು ನಿಲ್ಲಿಸುತ್ತದೆ. ಒಮ್ಮೆ ಬಾಂಬು, ಒಮ್ಮೆ ಗುಂಡು. ಸುಮಾರು ನಾಲ್ಕು ಗಂಟೆಯ ಚಿತ್ರದಲ್ಲಿ ಇರುವುದು 80 ಚಿಲ್ಲರೆ ಶಾಟ್, ಅಂದರೆ ನಡುವೆ ಕತ್ತರಿ ಹಾಕದ ತುಣುಕು, ಅಷ್ಟೇ.

ಅದರಲ್ಲೊಂದು ಶಾಟ್ ಕೇಳಿ. 1946, ಹೊಸ ವರ್ಷದ ರಾತ್ರಿ. ಕುಣಿತದ ಹಾಲ್‌ನಿಂದ ರಾಜನ ಪರವಾದ ಗಂಡಸರ ಗುಂಪೊಂದು ಹಾಡುತ್ತಾ ಬೀದಿಗೆ ಬರುತ್ತದೆ. ಮೊದಲು ಕುಡಿದವರ ತೂರಾಟ. ಕ್ಯಾಮೆರಾ ಪಕ್ಕದಲ್ಲೇ ಸಾಗುತ್ತದೆ. ನೋಡನೋಡುತ್ತಾ ಹೆಜ್ಜೆ ನೆಟ್ಟಗಾಗುತ್ತದೆ, ಕವಾಯತಿನ ಹಾಗೆ. ಬೀದಿಯ ತುದಿ ತಲುಪುವಷ್ಟರಲ್ಲಿ ಅಲ್ಲಿ 1952ರ ಚುನಾವಣಾ ಸಭೆ ನಡೆಯುತ್ತಿದೆ! ಎಲ್ಲೂ ಕತ್ತರಿ ಹಾಕಿಲ್ಲ. ಒಂದು ಬೀದಿ ನಡೆದರೆ ಆರು ವರ್ಷ. ಛಾಯಾಗ್ರಾಹಕ ಯೋರ್ಗೊಸ್ ಅರ್ವಾನಿಟಿಸ್ ಅವರ ಕೈಚಳಕ ಅದು.

ಹಾಗಂತ ಎಲ್ಲಾ ಸಲೀಸಾಗಿ ನೋಡಿಸಿಕೊಂಡು ಹೋಗುತ್ತದೆ ಅಂತಲ್ಲ. ‘ದ ಹಂಟರ್ಸ್’ ನೋಡುವಾಗ ನಾನು ಜೊಂಪು ಹತ್ತಿ ಎದ್ದಾಗ ಅದೇ ಶಾಟ್ ಇನ್ನೂ ನಡೆಯುತ್ತಿತ್ತು. ಸುಳ್ಳಲ್ಲ!

ಮನುಷ್ಯ ಬಿಗುಮಾನದವರು ಕೂಡ. 1995ರಲ್ಲಿ ‘ಯೂಲಿಸಿಸ್ ಗೇಜ್’ಗೆ ಕಾನ್ ಚಿತ್ರೋತ್ಸವದ ಎರಡನೇ ದೊಡ್ಡ ಪ್ರಶಸ್ತಿ ಬಂದಾಗ ವೇದಿಕೆಯ ಮೇಲೇ ಮುಖ ಗಂಟಿಕ್ಕಿಕೊಂಡರು. ಮೊದಲನೆಯದು, ಅಂದರೆ ಪಾಮ್ ದೋರ್, ಸಿಕ್ಕಿದ್ದು 1998ರಲ್ಲಿ, ‘ಎಟರ್ನಿಟಿ ಅಂಡ್ ಎ ಡೇ’ ಚಿತ್ರಕ್ಕೆ.

ನನಗೆ ಜಾಸ್ತಿ ಇಷ್ಟ ಅದೇ. ಕಾಯಿಲೆ ಬಿದ್ದ ಕವಿಯೊಬ್ಬ. ಮರುದಿನ ಆಸ್ಪತ್ರೆಗೆ ಸೇರಬೇಕು. ಅವನಿಗೆ ಸಿಗ್ನಲ್‌ನಲ್ಲಿ ಕಾರಿನ ಗಾಜು ಒರೆಸುವ ಅಲ್ಬೇನಿಯಾದ ಹುಡುಗ ಸಿಗುತ್ತಾನೆ. ಕವಿ ಅವನಿಗೊಂದು ಕಥೆ ಹೇಳುತ್ತಾನೆ. ಹತ್ತೊಂಬತ್ತನೇ ಶತಮಾನದಲ್ಲಿ ಇಟಲಿಯಲ್ಲಿ ಓದಿ ಬಂದ ಗ್ರೀಕ್ ಕವಿ ಸೊಲೊಮೊಸ್‌ಗೆ ತಾಯ್ನುಡಿಯೇ ಸರಿಯಾಗಿ ಬರುತ್ತಿರಲಿಲ್ಲವಂತೆ. ಜನರ ಬಾಯಿಂದ ಒಂದೊಂದೇ ಮಾತನ್ನು ದುಡ್ಡು ಕೊಟ್ಟು ಕೊಳ್ಳುತ್ತಿದ್ದನಂತೆ. ಇದನ್ನು ಕೇಳಿದ ಹುಡುಗ ತಾನೂ ಮಾತು ಮಾರಲು ನಿಲ್ಲುತ್ತಾನೆ. ಜನರ ನಡುವೆ ಓಡಿ ಹೋಗುತ್ತಾನೆ, ಒಂದು ಮಾತು ತರುತ್ತಾನೆ, ಕಾಸು ಇಸಿದುಕೊಳ್ಳುತ್ತಾನೆ. ಹಾಗೆ ತಂದಿದ್ದರಲ್ಲಿ ಒಂದು, ‘ಕ್ಸೆನಿಟಿಸ್’. ಎಲ್ಲಿ ಹೋದರೂ ಹೊರಗಿನವನೇ ಆಗಿರುವವನು. ಕನ್ನಡದಲ್ಲಿ ಅದಕ್ಕೆ ‘ಪರದೇಶಿ’ ಅಂತ ಮಾತು ಇದ್ದೇ ಇದೆ ಅಲ್ವಾ? ಬೇರೆ ದೇಶದವನು, ದಿಕ್ಕಿಲ್ಲದವನು, ಎರಡೂ ಅದರಲ್ಲೇ ಬಂತು. ಆ ಹುಡುಗನಿಗೆ ಎರಡೂ ಒಪ್ಪುತ್ತದೆ. ಹಿನ್ನೆಲೆಯಲ್ಲಿ ಎಲೆನಿ ಕರಾಯಿಂದ್ರು ಅವರ ಸಂಗೀತ. ರಾತ್ರಿ ದೀಪ ಆರಿಸಿ ಕೇಳಿ ನೋಡಿ.

2012ರ ಜನವರಿ 24. ಆಂಗೆಲೋಪುಲೋಸ್ ಅವರಿಗೆ 76 ವರ್ಷ. ಗ್ರೀಸ್ ಸಾಲದಲ್ಲಿ ಮುಳುಗಿದ್ದ ಕಾಲ. ಆ ದಿನಗಳ ಕಥೆಯಿದ್ದ ‘ದ ಅದರ್ ಸೀ’ ಚಿತ್ರದ ಶೂಟಿಂಗ್ ಪಿರೇಯಸ್ ಬಂದರಿನ ಹತ್ತಿರ ನಡೆಯುತ್ತಿತ್ತು. ರಸ್ತೆ ದಾಟುವಾಗ ಬೈಕ್ ಗುದ್ದಿತು. ಅದೇ ರಾತ್ರಿ ಆಸ್ಪತ್ರೆಯಲ್ಲಿ ತೀರಿಕೊಂಡರು. ಸಿನಿಮಾ ಅರ್ಧಕ್ಕೇ ನಿಂತಿತು.

ನಮಸ್ಕಾರ.